ಕೊಂಡವರು ಕೊಟ್ಟ ಬೆಲೆ ಒಂದು, ಕಚೇರಿ ಕಟ್ಟಿದ ಬೆಲೆ ಇನ್ನೊಂದು!

ದಾವಣಗೆರೆಯಾಗಲಿ, ಹರಿಹರವಾಗಲಿ, ಹೊನ್ನಾಳಿಯಾಗಲಿ, ಸಬ್‌ರಿಜಿಸ್ಟ್ರಾರ್ ಕಚೇರಿ ಮುಂದೆ ಯಾವ ದಿನ ಹೋಗಿ ನಿಂತರೂ ಒಂದು ಮಾತು ಕಿವಿಗೆ ಬಿದ್ದೇ ಬೀಳುತ್ತದೆ.

“ಯಜಮಾನ್ರೇ, ನೀವು ಬರೆಸಿರೋ ರೇಟು ಕುಂದ್ರಂಗಿಲ್ಲ. ಗೌರ್ಮೆಂಟ್ ರೇಟು ಇದಕ್ಕಿಂತ ಜಾಸ್ತಿ ಐತಿ.”

ಹೇಳುವವರು ಪತ್ರ ಬರಹಗಾರರು. ಕೇಳಿಸಿಕೊಳ್ಳುವವರು ಚೀಟಿ ಎತ್ತಿ, ಬಂಗಾರ ಅಡವಿಟ್ಟು, ಅಳಿಯನ ಹತ್ತಿರ ಕೈಗಡ ತಂದು ಒಂದು ಮಳಿಗೆಯನ್ನೋ ಸೈಟನ್ನೋ ಕೊಳ್ಳಲು ಬಂದವರು. “ನಾ ಕೊಟ್ಟಿದ್ದೇ ಇಷ್ಟು ನೋಡ್ರಿ, ಬ್ಯಾಂಕಿನ ಚೀಟಿ ಐತಿ” ಎಂದು ಅವರು ಜೇಬಿಗೆ ಕೈ ಹಾಕುತ್ತಾರೆ. ಬರಹಗಾರರು ಚೀಟಿಯನ್ನು ನೋಡುವುದೂ ಇಲ್ಲ. ಅವರಿಗೆ ಗೊತ್ತಿರುವುದು ಒಂದೇ ಪಟ್ಟಿ. ಆ ಪಟ್ಟಿಗಿಂತ ಕಡಿಮೆ ಬರೆದರೆ ಪತ್ರ ಒಳಗೆ ಹೋಗಿ ಹಾಗೇ ಮಲಗುತ್ತದೆ. ಇನ್ನೊಂದಷ್ಟು ಕಟ್ಟಿದರೆ ಸಾಯಂಕಾಲದೊಳಗೆ ಕೆಲಸ ಮುಗಿಯುತ್ತದೆ. ಊರಿಗೆ ಹೋಗುವ ಕಡೇ ಬಸ್ಸು ಏಳು ಗಂಟೆಗೆ. ಕೊಂಡವರು ಗಡಿಯಾರ ನೋಡುತ್ತಾರೆ, ಉಗುಳು ನುಂಗುತ್ತಾರೆ, ಕಟ್ಟಿಬಿಡುತ್ತಾರೆ.

ಹೀಗೆ ಕಟ್ಟಿ ಬಂದವರು ಮಂಡಿಪೇಟೆಯ ಅಂಗಡಿ ಕಟ್ಟೆಗಳ ಮೇಲೆ ಬೇಕಾದಷ್ಟು ಜನ ಸಿಗುತ್ತಾರೆ. “ಕಟ್ಟಲೇಬೇಕಾ?” ಎಂದು ಕೇಳಿದವರು ಮಾತ್ರ ಅಪರೂಪ. ಅಸಲಿಗೆ ಕೇಳಬೇಕಾದ ಪ್ರಶ್ನೆ ಅದೇ. ಈ ದೇಶದ ಸುಪ್ರೀಂ ಕೋರ್ಟು ಒಂದು ಸಲವಲ್ಲ, ಹಲವು ಸಲ ಅದಕ್ಕೆ ಉತ್ತರ ಹೇಳಿದೆ. ಅದು ಪೇಟೆ ಬೀದಿಗೆ ಇನ್ನೂ ತಲುಪಿಲ್ಲ, ಅಷ್ಟೆ.

ಎಷ್ಟು ದುಡ್ಡಿನ ಮಾತು?

ಮೊದಲು ಲೆಕ್ಕ ಹಾಕೋಣ. ಲೆಕ್ಕ ಇಲ್ಲದೆ ಅಂಗಡಿಯವರ ಹತ್ತಿರ ಮಾತಾಡಬಾರದು.

30×40ರ ಒಂದು ಜಾಗ ಎಂದಿಟ್ಟುಕೊಳ್ಳಿ. 1,200 ಚದರಡಿ. ಪಟ್ಟಿಯಲ್ಲಿ ಆ ಬೀದಿಗೆ ಚದರಡಿಗೆ 2,500 ರೂಪಾಯಿ ಬರೆದಿದೆ ಎಂದಿಟ್ಟುಕೊಂಡರೆ ಬೆಲೆ 30 ಲಕ್ಷ. ಆದರೆ ಜಾಗ ಬೀದಿಯ ಮೇಲಿಲ್ಲ. ಬೀದಿಯಿಂದ ಒಳಕ್ಕೆ ಗಲ್ಲಿ, ಗಲ್ಲಿಯ ಕೊನೆಗೆ ಮೋರಿ, ಮೋರಿಯ ಪಕ್ಕಕ್ಕೆ ಜಾಗ. ಮೇಲಾಗಿ ಒಳಗೆ ಹಳೇ ಬಾಡಿಗೆದಾರ ಕೂತಿದ್ದಾನೆ, ಬಿಡು ಅಂದರೆ ಕೋರ್ಟಿಗೆ ಬಾ ಅನ್ನುತ್ತಾನೆ. ಇಂಥ ಜಾಗಕ್ಕೆ ವ್ಯಾಪಾರ ಕುದುರಿದ್ದು 24 ಲಕ್ಷಕ್ಕೆ. ಪೂರಾ ಹಣ ಬ್ಯಾಂಕಿನ ಮೂಲಕವೇ ಹೋಗಿದೆ, ಕೈಯಿಂದ ಕೈಗೆ ಒಂದು ರೂಪಾಯಿ ದಾಟಿಲ್ಲ.

ವ್ಯತ್ಯಾಸ 6 ಲಕ್ಷ. 2025ರಲ್ಲಿದ್ದ ದರದಂತೆ ಮುದ್ರಾಂಕ ಶುಲ್ಕ ಶೇ. 5, ಅಂದರೆ 30,000 ರೂಪಾಯಿ. ಆ ಶುಲ್ಕದ ಮೇಲೆ ಸೆಸ್ಸು ಶೇ. 10, ಪಟ್ಟಣದಲ್ಲಾದರೆ ಸರ್ಚಾರ್ಜು ಶೇ. 2, ಇವೆರಡೂ ಸೇರಿ 3,600. ನೋಂದಣಿ ಶುಲ್ಕ ಬಹುಕಾಲ ಶೇ. 1 ಇತ್ತು, 2025ರ ಆಗಸ್ಟ್ 31ರಿಂದ ಅದು ಶೇ. 2 ಆಯಿತು. ಆ ಬಾಬತ್ತು 12,000. ಒಟ್ಟು 45,600 ರೂಪಾಯಿ. ಕೊಡದೇ ಇರುವ ಹಣದ ಮೇಲೆ ಕಟ್ಟಬೇಕಾದ ತೆರಿಗೆ ಇದು! ಕಿರಾಣಿ ಅಂಗಡಿಯವರು ಇಷ್ಟು ಲಾಭ ನೋಡಬೇಕಾದರೆ ಎಷ್ಟು ಕ್ವಿಂಟಲ್ ಅಕ್ಕಿ ತೂಗಬೇಕೋ ಅವರೇ ಹೇಳಬೇಕು.

ಇಷ್ಟಕ್ಕೇ ಮುಗಿದರೆ ಪುಣ್ಯ. ಇದರ ಹಿಂದೆಯೇ ಇನ್ನೊಂದು ಏಟು ಕಾದಿರುತ್ತದೆ. ಅದರ ಮಾತು ಮುಂದಕ್ಕೆ ಬರಲಿ.

ಈ ಕಾಯ್ದೆ ಬಂದದ್ದು ಯಾಕೆ?

ಸರ್ಕಾರವನ್ನು ಬೈಯುವ ಮೊದಲು ನಮ್ಮವರ ಬುದ್ಧಿವಂತಿಕೆಯನ್ನೂ ಸ್ವಲ್ಪ ನೆನೆಯಬೇಕು. ಒಂದು ಕಾಲದಲ್ಲಿ ಪತ್ರದಲ್ಲಿ ಏನು ಬರೆದಿದೆಯೋ ಅದೇ ಬೆಲೆ. ಲಕ್ಷದ ಮನೆ ಇಪ್ಪತ್ತು ಸಾವಿರಕ್ಕೆ ಮಾರಾಟವಾಗಿದೆ ಎಂದು ಪತ್ರ ಹೇಳಿದರೆ ಛಾಪಾ ಕಾಗದ ಇಪ್ಪತ್ತು ಸಾವಿರಕ್ಕೇ. ಉಳಿದದ್ದು ಚೀಲದಲ್ಲಿ ಹೋಗುತ್ತಿತ್ತು. ಮುಂಬಯಿಯ ಹಿಮಾಲಯ ಹೌಸ್ ಕಂಪನಿಯ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 1972ರಲ್ಲಿ ಇದನ್ನೇ ಎತ್ತಿಹಿಡಿಯಿತು. ಪತ್ರದಲ್ಲಿ ಕಾಣಿಸಿದ ಮೊತ್ತದ ಮೇಲೆ ಶುಲ್ಕ. ಸುಳ್ಳು ಬರೆದಿದ್ದರೆ ದಂಡದ ಕಲಂ ಇದೆ, ಆದರೆ ಪತ್ರದ ಬೆನ್ನ ಹಿಂದೆ ಹೋಗಿ ನಿಜವಾದ ಬೆಲೆ ಹುಡುಕಿ ಶುಲ್ಕ ವಸೂಲು ಮಾಡುವ ಅಧಿಕಾರ ಅಂದಿನ ಕಾನೂನಿನಲ್ಲಿ ಕಂದಾಯ ಅಧಿಕಾರಿಗೆ ಇಲ್ಲ ಎಂದಿತು.

ಸರ್ಕಾರಗಳು ಸುಮ್ಮನೆ ಕೂರುತ್ತವೆಯೇ? ಮದರಾಸಿನವರು 1967ರಲ್ಲೇ ತಮ್ಮ ಕಾಯ್ದೆಗೆ 47-ಎ ಎಂಬ ಕಲಂ ಸೇರಿಸಿಕೊಂಡಿದ್ದರು. ಒಂದೊಂದಾಗಿ ಬೇರೆ ರಾಜ್ಯಗಳೂ ಅದೇ ದಾರಿ ಹಿಡಿದವು. 1957ರ ಕರ್ನಾಟಕ ಮುದ್ರಾಂಕ ಕಾಯ್ದೆಯಲ್ಲಿ ಇದರ ನಂಬರು 45-ಎ. ಅದನ್ನು ನಡೆಸುವ ಬಗೆ ಹೇಳುವ ನಿಯಮಗಳು 1977ರವು. ಅಲ್ಲಿಂದ ಈಚೆಗೆ ಶುಲ್ಕ ಬೀಳುವುದು ಪತ್ರದ ಬೆಲೆಯ ಮೇಲಲ್ಲ, ಮಾರುಕಟ್ಟೆ ಬೆಲೆಯ ಮೇಲೆ.

ಮಾರುಕಟ್ಟೆ ಬೆಲೆ ಅಂದರೆ ಯಾವುದು? ಕೊಳ್ಳುವವನಿಗೂ ಅವಸರವಿಲ್ಲ, ಮಾರುವವನಿಗೂ ದರ್ದಿಲ್ಲ, ಇಬ್ಬರೂ ಒಪ್ಪಿ ಆಡುವ ಬೆಲೆ. ಅದನ್ನು ಕಚೇರಿಯ ಮೇಜಿನ ಮುಂದೆ ಕೂತು ಹೇಳುವುದು ಹೇಗೆ? ಅದಕ್ಕೇ ಪಟ್ಟಿ ಬಂತು. ಮಾರ್ಗಸೂಚಿ ಬೆಲೆ ಎಂದು ಕಾಗದದ ಮೇಲೆ. ಗೈಡೆನ್ಸ್ ವ್ಯಾಲ್ಯೂ, ಎಸ್.ಆರ್. ವ್ಯಾಲ್ಯೂ, ಗೌರ್ಮೆಂಟ್ ರೇಟು ಎಂದು ಜನರ ಬಾಯಲ್ಲಿ. 45-ಬಿ ಕಲಮಿನಂತೆ ಬೆಂಗಳೂರಿನಲ್ಲೊಂದು ಕೇಂದ್ರ ಮೌಲ್ಯಮಾಪನ ಸಮಿತಿ, ಕೆಳಗೆ ತಾಲ್ಲೂಕುಗಳಲ್ಲಿ ಉಪಸಮಿತಿಗಳು. 2023ರ ಅಕ್ಟೋಬರ್ 1ರಿಂದ ರಾಜ್ಯಾದ್ಯಂತ ಪಟ್ಟಿ ಪರಿಷ್ಕರಣೆಯಾದಾಗ ಎಷ್ಟೋ ಬೀದಿಗಳ ಬೆಲೆ ರಾತ್ರೋರಾತ್ರಿ ಮೇಲೆ ಹೋಯಿತು. ಮೋರಿ ಮಾತ್ರ ಎಲ್ಲಿತ್ತೋ ಅಲ್ಲೇ ಇತ್ತು.

ಪಟ್ಟಿ ದೇವರ ವಾಕ್ಯವಲ್ಲ

ಹೆಸರಲ್ಲೇ ಇದೆಯಲ್ಲ, ಮಾರ್ಗಸೂಚಿ! ದಾರಿ ತೋರಿಸುವ ಕಲ್ಲು. ಬಸ್ಸಿನಲ್ಲಿ ಹೋಗುವವರು ‘ಚಿತ್ರದುರ್ಗ ಇಷ್ಟು ಕಿ.ಮೀ.’ ಎಂಬ ಕಲ್ಲು ನೋಡುತ್ತಾರೆ. ಆ ಕಲ್ಲನ್ನೇ ಚಿತ್ರದುರ್ಗ ಎಂದು ತಿಳಿದು ಯಾರೂ ಇಳಿಯುವುದಿಲ್ಲ.

ಕೋರ್ಟುಗಳು ಹೇಳಿದ್ದೂ ಸುಮಾರಾಗಿ ಇಷ್ಟೇ. ನೀಲಗಿರಿಯ ಕಲೆಕ್ಟರಿಗೂ ಮಹಾವೀರ ಪ್ಲಾಂಟೇಷನ್ಸ್ ಎಂಬ ತೋಟದ ಕಂಪನಿಗೂ ನಡೆದ ವ್ಯಾಜ್ಯ 1982ರ ಕಾನೂನು ವರದಿಗಳಲ್ಲಿ ಬಂದಿದೆ. ಅದರಲ್ಲಿ ಮದರಾಸು ಹೈಕೋರ್ಟು, ಅಧಿಕಾರಿಗಳು ತಮ್ಮಷ್ಟಕ್ಕೆ ತಯಾರಿಸಿಕೊಂಡ ಬೆಲೆಪಟ್ಟಿಯೇ ಸ್ವತ್ತಿನ ಬೆಲೆಗೆ ಸಾಕ್ಷಿಯಾಗಲಾರದು ಎಂದಿತು. 1995ರಲ್ಲಿ ಪಂಜಾಬ್ ಸರ್ಕಾರಕ್ಕೂ ಮೊಹಬೀರ್ ಸಿಂಗ್ ಎಂಬವರಿಗೂ ನಡೆದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು, ನೋಂದಣಿ ಅಧಿಕಾರಿಗೆ ಪಟ್ಟಿ ಒಂದು ಅಂಶ ಮಾತ್ರ, ಅನುಮಾನ ಬಂದರೆ ವಿಚಾರಣೆಗೆ ಕಳಿಸಬೇಕೇ ಹೊರತು ಪಟ್ಟಿಯನ್ನೇ ಕಡೇ ಮಾತಾಗಿ ಹೇರುವಂತಿಲ್ಲ ಎಂಬ ಅರ್ಥದಲ್ಲಿ ಹೇಳಿತು. 1999ರಲ್ಲಿ ಘಾಜಿಯಾಬಾದಿನ ರಮೇಶ್ ಚಂದ್ ಬನ್ಸಲ್ ಮೊಕದ್ದಮೆಯಲ್ಲಿ ಇನ್ನೂ ಬಿಡಿಸಿ ಹೇಳಿತು. ಪಟ್ಟಿಯ ದರ ಮೊದಲ ನೋಟದ ಅಂದಾಜು. ಬೆಲೆ ಅದಕ್ಕಿಂತ ಕಡಿಮೆ ಎಂದು ತೋರಿಸಲು ಕೊಂಡವನಿಗೆ ಅವಕಾಶ ಇದೆ, ಹೆಚ್ಚು ಎಂದು ತೋರಿಸಲು ಸರ್ಕಾರಕ್ಕೂ ಇದೆ. ತಮಿಳುನಾಡಿನ ಟಾನ್ಸಿ ಜಮೀನಿನ ಪ್ರಕರಣ ಕೇಳದವರುಂಟೇ? ಜಯಲಲಿತಾ ಅವರ ಆ ಪ್ರಕರಣದ 2003ರ ತೀರ್ಪಿನಲ್ಲೂ ಇದೇ ಮಾತು ಬಂತು: ಪಟ್ಟಿಯ ಬೆಲೆ ಮೇಲ್ನೋಟದ ಆಧಾರ, ಅಂತಿಮವಲ್ಲ.

ಈ ಮಾತು ಎರಡೂ ಕಡೆ ಕೊಯ್ಯುವ ಕತ್ತಿ ಎಂಬುದನ್ನು ಮರೆಯಬಾರದು. ಪಟ್ಟಿಯಲ್ಲಿ 30 ಲಕ್ಷ ಇದ್ದು 60 ಲಕ್ಷಕ್ಕೆ ವ್ಯಾಪಾರ ಮಾಡಿ, 30ಕ್ಕೆ ಪತ್ರ ಬರೆಸಿ, “ಪಟ್ಟಿಗೆ ಸರಿಯಾಗಿ ಕಟ್ಟಿದ್ದೀನಿ, ಇನ್ನೇನು?” ಎಂದು ಮೀಸೆ ತಿರುವುವವರಿಗೂ ಅದು ಅನ್ವಯಿಸುತ್ತದೆ. (ಇಂಥವರು ನಮ್ಮೂರಲ್ಲಿ ಇಲ್ಲವೇ ಇಲ್ಲ ಎಂದು ಆಣೆ ಮಾಡುವವರು ಮುಂದೆ ಬರಲಿ!) ನೋಂದಣಿಯಾದ ಮೇಲೂ ಕಾಯ್ದೆ ಹೇಳಿದ ಅವಧಿಯೊಳಗೆ ಜಿಲ್ಲಾ ಅಧಿಕಾರಿ ತಾವಾಗಿಯೇ ಪತ್ರವನ್ನು ತರಿಸಿ ನೋಡಬಹುದು.

ಪಕ್ಕದ ಬಡಾವಣೆಯ ಸಿರಿ

ಮೀರಠ್ ಪಟ್ಟಣದ ಪ್ರಕಾಶವತಿ ಎಂಬುವರ ಮೊಕದ್ದಮೆ ನಮ್ಮ ಓದುಗರಿಗೆ ಚೆನ್ನಾಗಿ ಅರ್ಥವಾಗುವಂಥದ್ದು. 1996ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿದ್ದು. ಸ್ವತ್ತು ಒಂದು ಒಳ್ಳೆಯ ಬಡಾವಣೆಯ ಹತ್ತಿರ ಇದೆ ಅಂದಮಾತ್ರಕ್ಕೆ ಅದು ಆ ಬಡಾವಣೆಯದ್ದೇ ಆಗಿಬಿಡುವುದಿಲ್ಲ, ಬೆಲೆ ಕಟ್ಟುವಾಗ ಅದನ್ನೇ ಅಳತೆಗೋಲು ಮಾಡಿಕೊಳ್ಳಬಾರದು ಎಂಬುದು ತೀರ್ಪಿನ ಸಾರ.

ನಮ್ಮೂರಿಗೆ ತಂದು ನೋಡಿ. ಪಿ.ಜೆ. ಬಡಾವಣೆಯ ಹಿಂಬದಿಗೆ ಮನೆ ಇದ್ದವರಿಗೆಲ್ಲ ಪಿ.ಜೆ. ಬಡಾವಣೆಯ ಮರದ ನೆರಳೂ ಇಲ್ಲ, ಅಗಲದ ರಸ್ತೆಯೂ ಇಲ್ಲ. ಶುಲ್ಕ ಕಟ್ಟುವ ದಿನ ಮಾತ್ರ ಅವರೂ ದೊಡ್ಡ ಮನುಷ್ಯರ ಸಾಲಿಗೆ ಸೇರುವುದು ಯಾವ ನ್ಯಾಯ?

ಲಕ್ನೋದ ಅಂಬರೀಶ್ ಟಂಡನ್ ಮೊಕದ್ದಮೆ ಅಂಗಡಿಯವರು ನೆನಪಿಡಬೇಕಾದದ್ದು. ವಾಸದ ಮನೆ ಎಂದು ಕೊಂಡದ್ದನ್ನು ಆಮೇಲೆ ವ್ಯಾಪಾರಕ್ಕೆ ಬಳಸಿದರು ಎಂಬ ಕಾರಣಕ್ಕೆ ವಾಣಿಜ್ಯ ದರ ಹಾಕಿದರು. 2012ರಲ್ಲಿ ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಕೊಂಡ ದಿನ ಸ್ವತ್ತು ಹೇಗಿತ್ತು ಎಂಬುದು ಮುಖ್ಯ. ಆಮೇಲೆ ಮುಂದಿನ ಕೋಣೆಗೆ ರೋಲಿಂಗ್ ಷಟರ್ ಇಳಿಸಿ ಸ್ಟೇಷನರಿ ಇಟ್ಟರೆ ಅದರಿಂದ ಹಿಂದಿನ ಪತ್ರದ ಬೆಲೆ ಏರುವುದಿಲ್ಲ.

ಆದರೆ ಎಲ್ಲ ತೀರ್ಪೂ ಕೊಂಡವರ ಕಡೆಗೇ ಇವೆ ಎಂದು ಯಾರೂ ಹಿಗ್ಗುವುದು ಬೇಡ. ರಾಜಸ್ಥಾನದ ಖಂಡಾಕ ಜೈನ್ ಜ್ಯುವೆಲರ್ಸ್ ಮೊಕದ್ದಮೆ ಇದೆ, 2007ರದ್ದು. ಹಿಂದೆಂದೋ ಮಾರಾಟದ ಕರಾರು ಆಗಿತ್ತು. ಮಾರುವವರು ಪತ್ರ ಮಾಡಿಕೊಡಲಿಲ್ಲ. ಕೊಳ್ಳುವವರು ದಾವೆ ಹಾಕಿ, ವರ್ಷಗಟ್ಟಲೆ ಅಲೆದು, ಗೆದ್ದು, ಪತ್ರ ಬರೆಸಲು ಹೋದರೆ ಕಚೇರಿ ಹೊಸ ಬೆಲೆ ಕೇಳಿತು. “ನಮ್ಮ ತಪ್ಪಲ್ಲವಲ್ಲ, ತಡವಾದದ್ದು ಕೋರ್ಟಿನಿಂದ” ಎಂಬ ವಾದ ನಡೆಯಲಿಲ್ಲ. ಕರಾರಿನ ದಿನದ ಬೆಲೆಯಲ್ಲ, ಕ್ರಯಪತ್ರವಾಗುವ ದಿನದ ಬೆಲೆಗೆ ಶುಲ್ಕ ಎಂದು ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿತು. ನ್ಯಾಯಕ್ಕೆ ಕಾದವನಿಗೆ ಕಾದದ್ದಕ್ಕೂ ಬಡ್ಡಿ! ಕಾನೂನಿನ ಅಕ್ಷರಕ್ಕೆ ಅದು ಸರಿಯಿರಬಹುದು, ಕರಾರು ಪತ್ರವನ್ನು ಟ್ರಂಕಿನಲ್ಲಿಟ್ಟುಕೊಂಡು ಕೂತವರ ಹೊಟ್ಟೆಗೆ ಅದು ಇಳಿಯುವುದು ಕಷ್ಟ. “ಕರಾರಾಗಿದೆಯಲ್ಲ, ಪತ್ರ ಆಮೇಲೆ ನೋಡೋಣ” ಎನ್ನುವ ಅಣ್ಣತಮ್ಮಂದಿರು ಇದನ್ನು ಮನೆ ಗೋಡೆಗೆ ಬರೆದಿಟ್ಟುಕೊಳ್ಳಬಹುದು.

ಹರಾಜಿನಲ್ಲಿ ಕೊಂಡವರ ಕಥೆ ಬೇರೆ. ರೋಗಗ್ರಸ್ತ ಕಾರ್ಖಾನೆಗಳ ಮಂಡಳಿಯ ಹುಕುಮಿನಂತೆ ಸಮಿತಿ ಕೂತು ಮಾರಿದ ಆಸ್ತಿಗೆ ತಮಿಳುನಾಡಿನ ಅಧಿಕಾರಿಗಳು ‘ಬೆಲೆ ಕಡಿಮೆ ತೋರಿಸಿದ್ದೀರಿ’ ಎಂದಾಗ, 2009ರ ದೇವದಾಸ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಕೊಂಡವರ ಪರ ನಿಂತಿತು. ಬಹಿರಂಗವಾಗಿ, ಸರ್ಕಾರಿ ವ್ಯವಸ್ಥೆಯ ಕಣ್ಣೆದುರಿಗೇ ಮಾರಾಟವಾದದ್ದರಲ್ಲಿ ಕದ್ದುಮುಚ್ಚಿ ಬೆಲೆ ಇಳಿಸುವುದು ಎಲ್ಲಿಂದ ಬಂತು ಎಂಬುದು ಅದರ ತರ್ಕ. 2022ರಲ್ಲಿ ಎ.ಎಸ್.ಎಲ್. ವ್ಯಾಪಾರ್ ಎಂಬ ಕಂಪನಿಯ ಮೊಕದ್ದಮೆಯಲ್ಲೂ ಅಷ್ಟೆ. ಕೋರ್ಟಿನ ಮೂಲಕ ನಡೆದ ಹರಾಜಿನ ಬೆಲೆಯನ್ನು ನೋಂದಣಿ ಅಧಿಕಾರಿ ಮತ್ತೆ ಕೆದಕುವಂತಿಲ್ಲ ಎಂದಿತು. ಹಾಗೆಂದು ಕೋರ್ಟಿನ ಡಿಕ್ರಿ ಇದ್ದರೆ ಸಾಕು ಎನ್ನುವಂತಿಲ್ಲ. 2013ರಲ್ಲಿ ಸಿಲಿಗುರಿಯ ಒಂದು ಪ್ರಕರಣದಲ್ಲಿ, ಇಬ್ಬರ ನಡುವಿನ ದಾವೆಯ ಡಿಕ್ರಿಯಲ್ಲಿ ಒಂದು ಮೊತ್ತ ಬರೆದಿದ್ದರೂ ಅಧಿಕಾರಿ ಮಾರುಕಟ್ಟೆ ಬೆಲೆ ನೋಡಬಹುದು ಎಂದು ಅದೇ ಕೋರ್ಟು ಹೇಳಿತ್ತು. ಹರಾಜಿಗೆ ನಾಲ್ಕು ಜನ ಬರುತ್ತಾರೆ, ಬೆಲೆ ಏರಿಸುತ್ತಾರೆ. ದಾವೆಯ ಕರಾರು ಇಬ್ಬರೇ ಕೂತು ಬರೆದದ್ದು. ಇದೇ ಎರಡಕ್ಕೂ ಇರುವ ವ್ಯತ್ಯಾಸ.

ತಕರಾರು ಮಾಡುವುದು ಹೇಗೆ?

ಪತ್ರದ ಬೆಲೆ ಕಡಿಮೆ ಎಂದು ಸಬ್‌ರಿಜಿಸ್ಟ್ರಾರ್ ಅವರಿಗೆ ನಂಬಲು ಕಾರಣ ಇದ್ದರೆ ಅವರು ತಮ್ಮ ಅಂದಾಜು ಬೆಲೆ ಇಷ್ಟು ಎಂದು ಪಕ್ಷಗಾರರಿಗೆ ತಿಳಿಸಬೇಕು. ಒಪ್ಪಿ ಕಟ್ಟಿದರೆ ಮುಗಿಯಿತು. ಒಪ್ಪದಿದ್ದರೆ ನೋಂದಣಿಯನ್ನು ಪೆಂಡಿಂಗ್ ಇಟ್ಟು ಪತ್ರದ ಪ್ರತಿಯೊಂದಿಗೆ ವಿಷಯವನ್ನು ಮೇಲಕ್ಕೆ ಕಳಿಸಬೇಕು. ಕಾಯ್ದೆಯಲ್ಲಿ ಬರೆದಿರುವುದು ಡೆಪ್ಯುಟಿ ಕಮಿಷನರ್ ಎಂದು. ನಡೆಯುವುದು ಜಿಲ್ಲಾ ನೋಂದಣಾಧಿಕಾರಿಯ ಮುಂದೆ. ಅವರು ನೋಟೀಸು ಕೊಟ್ಟು, ಪಕ್ಷಗಾರರ ಮಾತು ಕೇಳಿ, ವಿಚಾರಣೆ ಮಾಡಿ, ಬೆಲೆ ಇಷ್ಟು ಎಂದು ಹುಕುಂ ಮಾಡಬೇಕು. ಅದು ಒಪ್ಪಿಗೆಯಾಗದಿದ್ದರೆ ಅಪೀಲಿಗೆ ದಾರಿ ಇದೆ.

ಅಲ್ಲಿ ಏನು ನೋಡುತ್ತಾರೆ? ಪಟ್ಟಿಯನ್ನಲ್ಲ, ಅಥವಾ ಪಟ್ಟಿಯೊಂದನ್ನೇ ಅಲ್ಲ. ನಿಯಮಗಳಲ್ಲಿ ಬರೆದಿರುವುದು ಓದಿದರೆ ನಮ್ಮ ಹಳ್ಳಿಯ ಹಿರಿಯರು ಜಮೀನು ನೋಡಲು ಹೋದಾಗ ಕೇಳುವ ಪ್ರಶ್ನೆಗಳೇ. ಜಮೀನಾದರೆ ಎಂಥಾ ಮಣ್ಣು, ನೀರಾವರಿ ಉಂಟೋ, ರಸ್ತೆಗೆ, ಸಂತೆಗೆ ಎಷ್ಟು ದೂರ, ಅಕ್ಕಪಕ್ಕದ ಹೊಲಕ್ಕಿಂತ ತಗ್ಗಿನಲ್ಲಿದೆಯೋ. ಸೈಟಾದರೆ ಆ ಜಾಗದಲ್ಲಿ ಸೈಟಿಗೆ ಏನು ನಡೆಯುತ್ತಿದೆ, ಬಸ್ಸಿನ ದಾರಿ ಹತ್ತಿರವೋ, ಮುನಿಸಿಪಾಲಿಟಿಯವರು ತೆರಿಗೆಗೆ ಕಟ್ಟಿದ ಬೆಲೆ ಎಷ್ಟು. ಕಟ್ಟಡವಾದರೆ ಯಾವ ವರ್ಷದ್ದು, ಯಾವ ಸಾಮಾನು ಹಾಕಿ ಕಟ್ಟಿದ್ದು, ಎಷ್ಟು ಸವೆದಿದೆ, ಯಾತಕ್ಕೆ ಬಳಸುತ್ತಾರೆ, ಬಾಡಿಗೆ ಎಷ್ಟು ಬರುತ್ತದೆ. ಮೋರಿಯೂ ಲೆಕ್ಕಕ್ಕೆ ಬರಬೇಕು, ಬಾಡಿಗೆದಾರನೂ ಲೆಕ್ಕಕ್ಕೆ ಬರಬೇಕು.

ಆದರೆ ಬಾಯಲ್ಲಿ ಹೇಳಿದರೆ ನಡೆಯದು. ತಕರಾರಿಗೆ ಹೋದವರು ಸೋಲುವುದು ಇಲ್ಲೇ. “ಸಾಹೇಬ್ರೇ, ನೀವೇ ಬಂದು ನೋಡ್ರಿ” ಎಂದು ಕೈಮುಗಿದು ಬರುತ್ತಾರೆ, ಕೈಯಲ್ಲಿ ಒಂದು ಕಾಗದ ಇರುವುದಿಲ್ಲ. ಅದೇ ಗಲ್ಲಿಯಲ್ಲಿ ಈಚೆಗೆ ಆದ ಎರಡು ಮೂರು ಕ್ರಯಪತ್ರಗಳ ನಕಲು ತೆಗೆಸಿದ್ದರೆ, ಹಣ ಹೋದ ಬ್ಯಾಂಕಿನ ಲೆಕ್ಕ ಇದ್ದರೆ, ಬಾಡಿಗೆ ಕರಾರು, ಕಂದಾಯದ ರಸೀತಿ, ಜಾಗದ ಫೋಟೋ, ಅರ್ಹ ಮೌಲ್ಯಮಾಪಕರ ವರದಿ ಇದ್ದರೆ ಅಧಿಕಾರಿ ಅದನ್ನು ಒಪ್ಪಬೇಕು, ಇಲ್ಲವೇ ಯಾಕೆ ಒಪ್ಪುವುದಿಲ್ಲ ಎಂದು ಹುಕುಮಿನಲ್ಲಿ ಬರೆಯಬೇಕು. ಬರೆದದ್ದನ್ನು ಮೇಲಿನವರ ಮುಂದೆ ಪ್ರಶ್ನಿಸಬಹುದು. ಏನನ್ನೂ ಕೊಡದಿದ್ದರೆ ಅವರಿಗೂ ಪಟ್ಟಿ ಬಿಟ್ಟು ಇನ್ನೇನು ಆಧಾರ?

ಇನ್ನೂ ಮುಂಚಿನದೊಂದು ಕೆಲಸ ಇದೆ, ಅದಕ್ಕೆ ಕಾಸೂ ಬೇಕಿಲ್ಲ. ಪತ್ರ ಬರೆಸುವಾಗಲೇ ಜಾಗದ ಕುಂದುಕೊರತೆ ಬರೆಸುವುದು. ಚೆಕ್‌ಬಂದಿಯಲ್ಲಿ ‘ದಕ್ಷಿಣಕ್ಕೆ ರಸ್ತೆ’ ಎಂದು ಬರೆದು ಬಿಡುತ್ತಾರೆ. ಆ ರಸ್ತೆ ಐದಡಿ ಗಲ್ಲಿ ಎಂದು ಯಾರು ಬರೆಯಬೇಕು? ಬಾಡಿಗೆದಾರ ಇದ್ದಾನೆ, ಗೋಡೆ ಬಿರುಕು ಬಿಟ್ಟಿದೆ, ಜಾಗ ಮೂರು ಮೂಲೆಯದ್ದು ಎಂಬುದೆಲ್ಲ ಪತ್ರದೊಳಗೇ ಇದ್ದರೆ ಆಮೇಲೆ ಹೇಳುವ ಮಾತಿಗೆ ತೂಕ ಬರುತ್ತದೆ. ಪತ್ರದಲ್ಲಿ ಅರಮನೆಯಂತೆ ಬಣ್ಣಿಸಿ ವಿಚಾರಣೆಯಲ್ಲಿ ಹಾಳುಮನೆ ಎಂದರೆ ಯಾರು ನಂಬುತ್ತಾರೆ?

ಸಬ್‌ರಿಜಿಸ್ಟ್ರಾರ್ ಅವರನ್ನು ಮಾತ್ರ ಎಲ್ಲದಕ್ಕೂ ಬೈಯುವುದು ನ್ಯಾಯವಲ್ಲ. ಪಟ್ಟಿಗಿಂತ ಒಂದು ರೂಪಾಯಿ ಕಡಿಮೆಗೆ ಪತ್ರ ಬಿಟ್ಟರೆ ನಾಳೆ ಲೆಕ್ಕಪರಿಶೋಧನೆಯವರು ಬಂದು ಆಕ್ಷೇಪ ಬರೆಯುತ್ತಾರೆ. ಅದಕ್ಕೆ ಉತ್ತರ ಕೊಡಬೇಕಾದವರು ಅವರು. ಪಟ್ಟಿ ಹಿಡಿದು ಕೂರುವುದು ಅವರಿಗೆ ಕೊಡೆಯಿದ್ದಂತೆ. ಮಳೆಯಲ್ಲಿ ನೆನೆಯುವವರು ಹೊರಗೆ ನಿಂತವರು.

ಇನ್ನು ಮುಂಗಡದ ಮಾತು. ಆಂಧ್ರದ ಕಾಯ್ದೆಯಲ್ಲಿ ಕಲೆಕ್ಟರಿಗೆ ವಿಷಯ ಹೋಗಬೇಕಾದರೆ ಮೊದಲು ಕೊರತೆ ಶುಲ್ಕದ ಅರ್ಧ ಕಟ್ಟಿರಬೇಕು ಎಂಬ ಷರತ್ತು ಸೇರಿಸಿದ್ದರು. ಅಲ್ಲಿನ ಹೈಕೋರ್ಟು ಅದನ್ನು ಹೊಡೆದುಹಾಕಿತು. 2008ರಲ್ಲಿ ಲಕ್ಷ್ಮೀದೇವಿ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಷರತ್ತನ್ನು ಉಳಿಸಿತು. ಜೊತೆಗೆ ಒಂದು ಕಿಟಕಿಯನ್ನೂ ತೆರೆದಿಟ್ಟಿತು: ಅಧಿಕಾರಿ ಕೇಳಿದ್ದು ತೀರಾ ಮನಬಂದಂತೆ, ವಿಪರೀತ ಎನಿಸಿದರೆ ನೇರ ಹೈಕೋರ್ಟಿಗೆ ರಿಟ್ ಹಾಕಬಹುದು. ಆದ್ದರಿಂದ ನಮ್ಮ ಕಡೆ ಅಪೀಲಿಗೆ ಹೋಗುವವರೂ ಹುಕುಂ ಕೈಗೆ ಬಂದ ದಿನವೇ ವಕೀಲರನ್ನು ಎರಡು ಪ್ರಶ್ನೆ ಕೇಳಬೇಕು. ಎಷ್ಟು ದಿನದೊಳಗೆ ಹಾಕಬೇಕು? ಮುಂಗಡ ಎಷ್ಟು ಕಟ್ಟಬೇಕು? ಹಬ್ಬ ಮುಗಿಸಿ ಕೇಳೋಣ ಎಂದು ಕೂತು ವಾಯಿದೆ ತಪ್ಪಿಸಿಕೊಂಡರೆ ಕೈಯಲ್ಲಿರುವ ಯಾವ ತೀರ್ಪೂ ಉಪಯೋಗಕ್ಕೆ ಬಾರದು.

ಎರಡನೇ ಏಟು

ಮೇಲೆ ಹೇಳಿದ್ದ ಇನ್ನೊಂದು ಏಟು ಆದಾಯ ತೆರಿಗೆಯವರದ್ದು. 1961ರ ಕಾಯ್ದೆಗೆ 50-ಸಿ ಎಂಬ ಕಲಂ 2003ರಿಂದ ಜಾರಿಗೆ ಬಂತು. ಮುದ್ರಾಂಕಕ್ಕೆ ಕಟ್ಟಿದ ಬೆಲೆ ಪತ್ರದ ಬೆಲೆಗಿಂತ ಹೆಚ್ಚಿದ್ದರೆ, ಮಾರಿದವರಿಗೆ ಆ ಹೆಚ್ಚಿನ ಬೆಲೆಯೇ ಬಂದಿದೆ ಎಂದು ಲೆಕ್ಕ ಹಿಡಿದು ತೆರಿಗೆ ಹಾಕುವುದು ಅದರ ಕೆಲಸ. ಆಮೇಲೆ ಕೊಂಡವರನ್ನೂ ಬಿಡಲಿಲ್ಲ. ಅಗ್ಗಕ್ಕೆ ಸಿಕ್ಕ ವ್ಯತ್ಯಾಸ ಅವರ ಆದಾಯ ಎಂದರು. ಶೇ. 10ರ ಒಳಗಿನ ವ್ಯತ್ಯಾಸಕ್ಕೆ ವಿನಾಯಿತಿ ಇದೆ.

ಮೇಲಿನ 24 ಲಕ್ಷದ ಜಾಗ ನೋಡಿ. ಪಟ್ಟಿಯ 30 ಲಕ್ಷಕ್ಕೂ ಅದಕ್ಕೂ ವ್ಯತ್ಯಾಸ ಶೇ. 25. ಅಂದರೆ ಬಸ್ಸು ಹಿಡಿಯುವ ಅವಸರದಲ್ಲಿ “ಆಯ್ತು ಬಿಡ್ರಿ, ಕಟ್ತೀನಿ” ಎಂದು 45,600 ಕಟ್ಟಿ ಬಂದವರು ಅಷ್ಟಕ್ಕೇ ಪಾರಾಗಲಿಲ್ಲ. ಕಾಣದ 6 ಲಕ್ಷ ಮಾರಿದವರ ಲಾಭದಲ್ಲೂ ಸೇರಬಹುದು, ಕೊಂಡವರ ಆದಾಯದಲ್ಲೂ ಸೇರಬಹುದು. ಇಬ್ಬರೂ ನೋಡದೇ ಇರುವ ಹಣಕ್ಕೆ ಇಬ್ಬರೂ ತೆರಿಗೆದಾರರು! ನಿಜವಾದ ಬೆಲೆ ಅಷ್ಟಿಲ್ಲ ಎಂದು ತೆರಿಗೆ ಅಧಿಕಾರಿಯ ಮುಂದೆ ಹೇಳಿ, ಇಲಾಖೆಯ ಮೌಲ್ಯಮಾಪನ ಅಧಿಕಾರಿಗೆ ಕಳಿಸಿರೆಂದು ಕೇಳುವ ಹಕ್ಕೂ ಇದೆ. ಆದರೆ ಮುದ್ರಾಂಕದ ಬೆಲೆಯ ಮೇಲೆ ಬೇರೆ ಕಡೆ ಅಪೀಲು ಹಾಕಿದ್ದರೆ ಈ ಬಾಗಿಲು ತೆರೆಯುವುದಿಲ್ಲ. ಯಾವ ಬಾಗಿಲು ತಟ್ಟಬೇಕು ಎಂಬುದನ್ನು ವಕೀಲರು, ಲೆಕ್ಕ ನೋಡುವವರು ಇಬ್ಬರನ್ನೂ ಒಟ್ಟಿಗೆ ಕೂರಿಸಿ ಕೇಳುವುದು ಮೇಲು.

ಪಟ್ಟಿ ಇಳಿದರೆ ಎಲ್ಲರಿಗೂ ಲಾಭವೇ?

ಇಷ್ಟು ಓದಿದವರು ಪಟ್ಟಿಯ ಬೆಲೆ ಕಡಿಮೆಯಾದರೆ ಒಳ್ಳೆಯದು ಎಂದುಕೊಳ್ಳಬಹುದು. ಹೊಲ ಇರುವವರನ್ನು ಕೇಳಿ ನೋಡಿ. ರಸ್ತೆಗೋ ರೈಲಿಗೋ ಸರ್ಕಾರ ಜಮೀನು ತೆಗೆದುಕೊಳ್ಳುವ ದಿನ ಅವರಿಗೆ ಬೇಕಾದದ್ದು ಎತ್ತರದ ಬೆಲೆ.

ಇಲ್ಲೂ ಒಂದು ಸ್ವಾರಸ್ಯ ಉಂಟು. ಆದಿಲಾಬಾದ್ ಕಡೆಯ ಜವಾಜಿ ನಾಗನಾಥಂ ಮೊಕದ್ದಮೆಯಲ್ಲಿ, ನೋಂದಣಿ ಕಚೇರಿಯ ಮೂಲ ಬೆಲೆ ಪುಸ್ತಕದಲ್ಲಿ ಇಷ್ಟು ದರ ಇದೆ, ಅದರಂತೆ ಪರಿಹಾರ ಕೊಡಿ ಎಂದು ಜಮೀನು ಕಳೆದುಕೊಂಡವರ ಕಡೆಯವರು ಕೇಳಿದರು. 1994ರಲ್ಲಿ ಸುಪ್ರೀಂ ಕೋರ್ಟು, ಆ ಪುಸ್ತಕಕ್ಕೆ ಶಾಸನದ ಬಲವಿಲ್ಲ, ಪರಿಹಾರಕ್ಕೆ ಅದು ಆಧಾರವಾಗದು ಎಂದಿತು. ತೆರಿಗೆ ಕೇಳುವಾಗ ತೋರಿಸುವ ಪುಸ್ತಕ ಪರಿಹಾರ ಕೇಳುವಾಗ ಲೆಕ್ಕಕ್ಕಿಲ್ಲ! ಕಾನೂನಿನ ದೃಷ್ಟಿಗೆ ಅದರಲ್ಲಿ ಹೊಂದಾಣಿಕೆ ಇದೆ, ಅಂತಿಮವಲ್ಲದ್ದು ಎರಡು ಕಡೆಯೂ ಅಂತಿಮವಲ್ಲ. ಆದರೆ ನೆಲ ಕಳೆದುಕೊಂಡವನಿಗೆ ಹಾಗೆ ಕಾಣುವುದಿಲ್ಲ.

2013ರ ಭೂಸ್ವಾಧೀನ ಕಾಯ್ದೆ ಬಂದ ಮೇಲೆ ಗಾಳಿ ತಿರುಗಿತು. ಮುದ್ರಾಂಕಕ್ಕೆಂದು ಗೊತ್ತು ಮಾಡಿದ ಬೆಲೆ, ಸುತ್ತಲಿನ ಕ್ರಯಪತ್ರಗಳ ಸರಾಸರಿ, ಒಪ್ಪಂದದ ಬೆಲೆ ಮುಂತಾದವುಗಳಲ್ಲಿ ಯಾವುದು ಹೆಚ್ಚೋ ಅದನ್ನು ಪರಿಹಾರಕ್ಕೆ ಮೂಲ ಮಾಡಿದರು. ಹೀಗಾಗಿ ಪೇಟೆಯವರಿಗೆ ಪಟ್ಟಿ ಹೆಚ್ಚಾದದ್ದು ಹೊರೆ, ಊರ ಹೊರಗಿನ ರೈತರಿಗೆ ಪಟ್ಟಿ ಕಡಿಮೆಯಾದದ್ದು ನಷ್ಟ. ಸುತ್ತಲಿನವರು ಶುಲ್ಕ ಉಳಿಸಲು ಕಡಿಮೆಗೆ ಬರೆಸಿದ ಪತ್ರಗಳೇ ಸರಾಸರಿಯಲ್ಲಿ ಬಂದು ಕೂತರೆ ಯಾರನ್ನು ದೂರುವುದು? ಅವತ್ತು ಉಳಿಸಿದ ಸಾವಿರಗಳು ಇವತ್ತು ಅಣ್ಣನ ಹೊಲದ ಲಕ್ಷಗಳನ್ನು ತಿನ್ನುತ್ತವೆ.

ಇದಕ್ಕೆಲ್ಲ ಬೇರು ಇರುವುದು ಪಟ್ಟಿ ತಯಾರಾಗುವ ಹೊತ್ತಿನಲ್ಲಿ. ಪರಿಷ್ಕರಣೆ ಮಾಡುವಾಗ ಕರಡು ಪ್ರಕಟಿಸಿ, ಕೆಲವೇ ದಿನ ವಾಯಿದೆ ಕೊಟ್ಟು ಸಾರ್ವಜನಿಕರಿಂದ ಆಕ್ಷೇಪಣೆ ಕರೆಯುತ್ತಾರೆ. ಮುಖ್ಯರಸ್ತೆಗೂ ಹಿಂದಿನ ಗಲ್ಲಿಗೂ ಒಂದೇ ದರ ಹಾಕಿದ್ದೀರಿ ಎಂದು ಹೇಳಬೇಕಾದ ಕಾಲ ಅದು. ಒಬ್ಬೊಬ್ಬರೇ ಪೆಂಡಿಂಗ್ ಪತ್ರ ಹಿಡಿದು ಅಲೆಯುವ ಬದಲು ಆ ಬೀದಿಯ ಅಂಗಡಿಯವರೆಲ್ಲ ಸೇರಿ ಒಂದು ಹಾಳೆ ಬರೆದು, ನಕ್ಷೆ ಹಚ್ಚಿ, ನಾಲ್ಕು ಕ್ರಯಪತ್ರದ ನಕಲು ಸೇರಿಸಿ ಕೊಟ್ಟು, ರುಜು ಹಾಕಿಸಿಕೊಂಡು ಬರಬಹುದು. ಗಣಪತಿ ಕೂರಿಸಲು ಸೇರುವಷ್ಟು ಜನ ಸೇರಿದರೂ ಸಾಕು.

ಕರಡು ಅಂಟಿಸುವ ಬೋರ್ಡಿನ ಮುಂದೆ ಸಾಮಾನ್ಯವಾಗಿ ಸ್ಕೂಟರ್ ನಿಲ್ಲಿಸಿರುತ್ತಾರೆ. ಸ್ವಲ್ಪ ಸರಿಸಿ ಓದಬೇಕು. ಝೆರಾಕ್ಸ್ ಅಂಗಡಿ ಎದುರಿಗೇ ಇರುತ್ತದೆ.